ಅಳಿವೆ: ಒಂದು ಶಬ್ದವಿಚಾರ

ಕಾರವಾರದ ಕೋಡಿಬಾಗದಲ್ಲಿ ನಿಂತವರಿಗೆ ಕಾಳಿ ನದಿಯು ಕಡಲನ್ನು ಕೂಡುವ ವಿಶಾಲವಾದ ತೆರಪು ಕಾಣುತ್ತದೆ. ಅಂಕೋಲೆಯ ಮಂಜಗುಣಿಯ ಬಳಿ ಗಂಗಾವಳಿಯದು ಅಂಥದೇ ಇನ್ನೊಂದು. ಘಟ್ಟದ ಮೇಲೆ ಬೇಡ್ತಿಯೆನಿಸಿಕೊಂಡ ಹೊಳೆಯೇ ಅದು. ಇಂಥ ತೆರಪಿಗೆ ಕರಾವಳಿಯ ಕನ್ನಡದಲ್ಲಿ ‘ಅಳಿವೆ’ಯೆಂದು ಹೆಸರು.

ನದಿಯು ಅಳಿಯುವ ಸ್ಥಳವೇ ಅಳಿವೆ ಎಂದು ಮೊದಲ ನೋಟಕ್ಕೆ ತೋರುವುದು ಸಹಜ. ನದಿಗಳು ನಾಮರೂಪಗಳನ್ನು ತೊರೆದು ಸಮುದ್ರದಲ್ಲಿ ಲೀನವಾಗುವ ಮುಂಡಕೋಪನಿಷತ್ತಿನ ದೃಷ್ಟಾಂತವೂ ಈ ಎಣಿಕೆಗೆ ಒತ್ತಾಸೆಯಾಗುತ್ತದೆ. ಸೊಗಸಾದ ನಿರ್ವಚನವೆಂಬುದರಲ್ಲಿ ಸಂದೇಹವಿಲ್ಲ. ಆದರೆ ಸೊಗಸು ಪ್ರಮಾಣವಾಗಲಾರದು.

ಧ್ವನಿಯಿಂದ ಇದು ಇತ್ಯರ್ಥವಾಗುವಂತಿಲ್ಲ. ‘ನಾಶವಾಗು’ ಎಂಬರ್ಥದ ‘ಅಳಿ’ಯು ಹಳಗನ್ನಡದಲ್ಲಿ ‘ಅೞಿ’. ನದೀಮುಖವನ್ನು ಹೇಳುವ ಮಲಯಾಳದ ಶಬ್ದವೂ ‘ಅೞಿ’ಯೇ. ಪೆರಿಯಾರಿನ ಮುಖದಲ್ಲಿರುವ ಅೞಿಕ್ಕೋಡು, ಕಣ್ಣೂರಿನ ಬಳಿಯ ಅೞಿಕ್ಕಲ್ ಎಂಬ ಊರುಗಳಲ್ಲಿ ಅದು ಉಳಿದಿದೆ. ಆದುದರಿಂದ ಅರ್ಥವನ್ನೇ ವಿಚಾರಿಸಬೇಕು. ಮಲಯಾಳದಲ್ಲಿ ಗಂಟನ್ನು ಬಿಚ್ಚುವುದಕ್ಕೆ ‘ಅೞಿಕ್ಕುಕ’ ಎನ್ನುತ್ತಾರೆ. ಸಡಿಲುವುದು, ಬಿಚ್ಚಿಕೊಳ್ಳುವುದು ಎಂಬ ಭಾವ ಅಲ್ಲಿ ಸ್ಪಷ್ಟವಾಗಿದೆ. ಬೇಸಗೆಯಲ್ಲಿ ಹೊಳೆಯ ಸೆಳೆತ ಕುಗ್ಗಿದಾಗ ತೆರೆಗಳು ತಂದ ಮರಳು ಹೊಳೆಯ ಬಾಯಿಗೆ ದಿಣ್ಣೆ ಕಟ್ಟುತ್ತದೆ. ಮಳೆಗಾಲದ ನೆರೆ ಅದನ್ನು ಕೊರೆದು ದಾರಿ ಬಿಡಿಸುತ್ತದೆ. ಹೀಗೆ ಬಿಚ್ಚಿಕೊಂಡ ಕಡಲದಾರಿಯೇ ಅಳಿವೆ ಎಂಬುದು ನಮ್ಮ ಅಭಿಪ್ರಾಯ. ನದಿಯ ದಡದಲ್ಲಿ ಕುಳಿತ ತತ್ತ್ವಜ್ಞನಿಗಿಂತ ದೋಣಿಯಲ್ಲಿದ್ದವನೇ ಈ ಶಬ್ದವನ್ನು ಕಟ್ಟಿರಬೇಕು.

ಚರಿತ್ರೆಯೂ ಇದಕ್ಕೆ ಅನುಕೂಲವಾಗಿದೆ. ಕೋರ್ಟೀನ್ ಮಂಡಲಿಯ ಆಂಗ್ಲ ವರ್ತಕರು 1638ರಲ್ಲಿ ಕಾರವಾರದಲ್ಲಿ ಕೋಠಿ ತೆರೆದ ಕಾಲಕ್ಕೆ ಇಲ್ಲಿಯ ವ್ಯಾಪಾರಸ್ಥಳವಾಗಿದ್ದುದು ಹೊಳೆಯ ಒಳಗಿನ ಕಡವಾಡ. ಅಲ್ಲಿಗೆ ಕಡಲಿನಿಂದ ಬರುವ ಸರಕಿಗೆ ಕಾಳಿಯ ಮುಖವೇ ಹೆಬ್ಬಾಗಿಲು. ಸೋಂದೆಯ ಅರಸರು ಅದರ ಬಡಗಣ ದಂಡೆಯ ಗುಡ್ಡದ ಮೇಲೆ ಸದಾಶಿವಗಡವನ್ನು ಕಟ್ಟಿಸಿದರು. ಕಾವಲು ಬೇಕಾಗುವುದು ಬಾಗಿಲಿಗೇ ಅಲ್ಲವೆ?

ಉತ್ತರ ಕನ್ನಡವು 1862ರಲ್ಲಿ ಮದರಾಸಿನಿಂದ ಮುಂಬಯಿ ಆಧಿಪತ್ಯಕ್ಕೆ ಸೇರಿ ದಕ್ಷಿಣ ಕನ್ನಡದಿಂದ ಬೇರೆಯಾಯಿತು. ಶಬ್ದ ಮಾತ್ರ ಎರಡೂ ಕಡೆ ಒಂದೇ ಆಗಿ ಉಳಿಯಿತು. ಭಟ್ಕಳದ ಕಡೆ ಅಳ್ವೆಕೋಡಿಯೆಂಬ ಊರಿದೆ. ಕರಾವಳಿಯಲ್ಲಿ ‘ಕೋಡಿ’ಯೆಂದರೆ ನೀರಿಗೆ ಚಾಚಿದ ನೆಲದ ತುದಿ, ಬಯಲುಸೀಮೆಯ ಕೆರೆಯ ಕೋಡಿಯಲ್ಲ. ಅಳಿವೆಯು ನದಿಯ ಮರಣಸ್ಥಾನವೆಂದು ವಿದ್ಯಾರ್ಥಿಗಳಿಗೆ ಬೋಧಿಸಿದರೆ ಕರಾವಳಿಯ ನೌಕಾಜೀವನದ ಒಂದು ಸಾಕ್ಷ್ಯವನ್ನು ನಾವೇ ಅಳಿಸಿದಂತಾಗುತ್ತದೆ. ಮಂಗಳೂರಿನಲ್ಲಿ ನೇತ್ರಾವತಿ, ಗುರುಪುರ ಹೊಳೆಗಳು ಕಡಲಿಗಿಳಿಯುವ ಎಡೆಯನ್ನು ಜನರು ಇಂದಿಗೂ ‘ಅಳಿವೆಬಾಗಿಲು’ ಎಂದೇ ಕರೆಯುತ್ತಾರೆ.