ಕಂಠೀರವದ ಗ್ರಹಣಕಾಲ

ಕನ್ನಡ ನಾಡಿನ ಕಾಲ್ಚೆಂಡಿನ ಪರಂಪರೆ ನಿನ್ನೆ ಮೊನ್ನೆ ಚಿಗುರಿದ್ದಲ್ಲ. ಕೊಗನೊಳ್ಳಿಯ ಗಡಿ ದಾಟಿ ಕಾಗಲದ ಹಾದಿ ಹಿಡಿದರೆ ಎದುರಾಗುವ ಕೊಲ್ಲಾಪುರದಲ್ಲಿ ಕುಸ್ತಿಯ ತಾಲೀಮುಗಳೇ ಫುಟ್‌ಬಾಲ್ ತಂಡಗಳನ್ನು ಕಟ್ಟಿ ಪೋಷಿಸಿದ ವೈಭವವನ್ನು ನಿಪ್ಪಾಣಿ ಸೀಮೆಯ ನಾವೆಲ್ಲ ಬಲ್ಲೆವು. ದಕ್ಷಿಣದಲ್ಲಿ ಬೆಂಗಳೂರು ಮುಸ್ಲಿಮ್ಸ್ ತಂಡ 1937 ಮತ್ತು 1938ರಲ್ಲಿ ರೋವರ್ಸ್ ಕಪ್ ಗೆದ್ದು ಕೀರ್ತಿಪತಾಕೆ ಹಾರಿಸಿತು. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಫ್ರಾನ್ಸ್ ವಿರುದ್ಧ ಭಾರತದ ಏಕೈಕ ಗೋಲು ಹೊಡೆದವನು ಬೆಂಗಳೂರಿನ ಸಾರಂಗಪಾಣಿ ರಾಮನ್. ಮೈಸೂರು ತಂಡ ನಾಲ್ಕು ಬಾರಿ ಸಂತೋಷ್ ಟ್ರೋಫಿಯನ್ನು ತನ್ನದಾಗಿಸಿಕೊಂಡಿತು. 1968-69ರ ನಾಲ್ಕನೆಯ ವಿಜಯದ ನಂತರ ಆ ಟ್ರೋಫಿ ಮತ್ತೆ ಕನ್ನಡಿಗರ ಕೈಸೇರಿದ್ದು 2023ರಲ್ಲಿ, ದೂರದ ರಿಯಾದ್ ನಗರದಲ್ಲಿ.

ಈ ದೀರ್ಘ ವನವಾಸದ ನಡುವೆ, 2013ರಲ್ಲಿ, ಬೆಂಗಳೂರು ಎಫ್‌ಸಿ ಎಂಬ ನೂತನ ಶಕ್ತಿ ಉದಯಿಸಿತು. ಸುನಿಲ್ ಛೆಟ್ರಿಯ ನಾಯಕತ್ವದಲ್ಲಿ ಅದು ಮೊದಲ ಋತುವಿನಲ್ಲೇ ಐ-ಲೀಗ್ ಕಿರೀಟ ಧರಿಸಿತು. 2016ರಲ್ಲಿ ಎಎಫ್‌ಸಿ ಕಪ್ ಫೈನಲ್ ತಲುಪಿದ ಪ್ರಥಮ ಭಾರತೀಯ ಕ್ಲಬ್ ಎನಿಸಿತು. 2019ರ ಮಾರ್ಚ್‌ನಲ್ಲಿ ಮುಂಬಯಿಯಲ್ಲಿ ಇಂಡಿಯನ್ ಸೂಪರ್ ಲೀಗ್ (ಐಎಸ್‌ಎಲ್) ಫೈನಲ್, ಹೆಚ್ಚುವರಿ ಅವಧಿಯೂ ಮುಗಿಯುತ್ತ ಬಂದ ಕ್ಷಣ: ಡಿಮಾಸ್ ಡೆಲ್ಗಾಡೊ ಒದ್ದ ಕಾರ್ನರ್ ಚೆಂಡಿಗೆ ರಾಹುಲ್ ಭೇಕೆ ಎಗರಿ ತಲೆಕೊಟ್ಟ, ಆ ಒಂದೇ ಗೋಲಿನಿಂದ ಗೋವಾ ಶರಣಾಯಿತು. ಸೈಮನ್ ಗ್ರೇಸನ್ ತರಬೇತಿಯಲ್ಲಿ 2022ರ ಡ್ಯುರಾಂಡ್ ಕಪ್ ಕೂಡ ಬೊಕ್ಕಸ ಸೇರಿತು. ಅದೇ ಋತುವಿನಲ್ಲಿ ತಂಡ ಐಎಸ್‌ಎಲ್ ಮತ್ತು ಸೂಪರ್ ಕಪ್ ಫೈನಲ್‌ಗಳನ್ನೂ ತಲುಪಿತು.

ಆದರೆ ಉತ್ಕರ್ಷದ ಶಿಖರದಲ್ಲೇ ಅಪಕರ್ಷದ ಬೀಜ ಅಡಗಿರುವುದು ಎಲ್ಲ ಪ್ರಭುತ್ವಗಳ ವಿಧಿ. 2023-24ರ ಋತುವಿನಲ್ಲಿ ಗ್ರಹಣ ಹಿಡಿಯಿತು. ಡಿಸೆಂಬರ್‌ನಲ್ಲಿ ಸ್ವಂತ ನೆಲವಾದ ಕಂಠೀರವದಲ್ಲೇ ಮುಂಬಯಿ ಸಿಟಿ ನಾಲ್ಕು ಗೋಲು ಹೊಡೆದು ಹೋಯಿತು. ನೀಲಿ ಅಂಗಿ ತೊಟ್ಟು ನೆರೆದ ವೆಸ್ಟ್ ಬ್ಲಾಕ್ ಬ್ಲೂಸ್ ಅಭಿಮಾನಿಗಳಿಗೆ ಒಂದು ಗೋಲನ್ನೂ ಕಾಣುವ ಭಾಗ್ಯ ಒದಗಲಿಲ್ಲ. ಗ್ರೇಸನ್ ನಿರ್ಗಮಿಸಿದ. ಸ್ಪೇನ್‌ನ ಜೆರಾರ್ಡ್ ಜರಗೋಜಾ ನಡುಋತುವಿನಲ್ಲಿ, ಧೃತಿಗೆಟ್ಟ ಪಡೆಯ ಹೊಣೆ ಹೊತ್ತ. ದಂಡನಾಯಕ ಬದಲಾದ ಮಾತ್ರಕ್ಕೆ ದೈವ ಒಲಿಯಲಿಲ್ಲ. ಕಡೆಯ ಪಂದ್ಯದಲ್ಲಿ ಮೋಹನ್ ಬಾಗಾನ್ ಕೈಯಲ್ಲಿ ಮತ್ತೆ ಅದೇ ಕಂಠೀರವದಲ್ಲಿ 0-4ರ ಸೋಲು. 22 ಪಂದ್ಯಗಳಲ್ಲಿ ಐದೇ ಗೆಲುವು, 22 ಅಂಕ. 12 ತಂಡಗಳ ಪೈಕಿ ಹತ್ತನೆಯ ಸ್ಥಾನ. ಚಾಂಪಿಯನ್ ಪಟ್ಟ ಏರಿದ್ದ ತಂಡಕ್ಕೆ ಇದಕ್ಕಿಂತ ದಾರುಣ ಸಂವತ್ಸರ ಒದಗಿರಲಿಲ್ಲ.

ಇಂಥ ಘಳಿಗೆಯಲ್ಲಿ ಸೋಲಿನ ಹೊರೆಯನ್ನು ಹೊಸಬನ ಹೆಗಲಿಗೇರಿಸಿ ಅವನನ್ನು ಬೀಳ್ಕೊಡುವುದು ಸುಲಭದ ಮಾರ್ಗವಾಗಿತ್ತು. ಬೆಂಗಳೂರು ಆ ಮಾರ್ಗ ತುಳಿಯಲಿಲ್ಲ. ಜರಗೋಜಾನನ್ನೇ ಉಳಿಸಿಕೊಂಡು ಪಡೆಯನ್ನು ಪುನಃ ಸಜ್ಜುಗೊಳಿಸಿತು. ಮುಂದಿನ ಋತುವಿನಲ್ಲಿ ತಂಡ ಮೂರನೆಯ ಸ್ಥಾನಕ್ಕೇರಿತು. ನಲವತ್ತು ತುಂಬಿದ ಛೆಟ್ರಿ 14 ಗೋಲು ಹೊಡೆದ. 2025ರ ಮಾರ್ಚ್ 29ರಂದು ಪ್ಲೇಆಫ್ ಪಂದ್ಯಕ್ಕೆ ಅದೇ ಮುಂಬಯಿ ಸಿಟಿ ಅದೇ ಕಂಠೀರವಕ್ಕೆ ಬಂದಾಗ ಬೆಂಗಳೂರು 5-0ರಿಂದ ಋಣ ತೀರಿಸಿತು. ಗೋವಾದ ಸೆಮಿಫೈನಲ್‌ನಲ್ಲಿ ನಿಗದಿತ ಸಮಯ ಮೀರಿದ ಮೇಲೆ ಛೆಟ್ರಿ ತಲೆಯಿಂದ ಹೊಡೆದ ಗೋಲೇ ಫೈನಲ್‌ನ ಹೆಬ್ಬಾಗಿಲು ತೆರೆಯಿತು. ಏಪ್ರಿಲ್ 12ರಂದು ಕೋಲ್ಕತ್ತದಲ್ಲಿ ಮೋಹನ್ ಬಾಗಾನ್ ಹೆಚ್ಚುವರಿ ಅವಧಿಯಲ್ಲಿ 2-1ರಿಂದ ಕಿರೀಟ ಕಸಿದುಕೊಂಡಿತು, ದಿಟ. ಆದರೂ ಹತ್ತನೆಯ ಸ್ಥಾನದಿಂದ ಫೈನಲ್‌ವರೆಗಿನ ಆ ಆರೋಹಣ ಅಪಮಾನದ ವರ್ಷದಲ್ಲಿ ತೋರಿದ ತಾಳ್ಮೆಯ ಫಲ. ಗೆದ್ದ ಕಪ್ಪುಗಳ ಪಟ್ಟಿಯನ್ನು ಮಕ್ಕಳಿಗೆ ಒಪ್ಪಿಸುವಾಗ, ಓದುಗರೇ, 2023-24ರ ಪುಟವನ್ನು ಹರಿಯದಿರಿ. ಈ ಪರಂಪರೆಯ ವಾರಸುದಾರರಾದ ನಮಗೆ ಆ ಸೋಲೂ ಪಿತ್ರಾರ್ಜಿತವೇ.