ಆಯ

ಸಮಾಜಶಾಸ್ತ್ರ ಓದಲು ಶುರುಮಾಡಿದವರಿಗೆ ಬೇಗನೆ ಎದುರಾಗುವ ಪಾಠ ‘ಜಜಮಾನಿ ಪದ್ಧತಿ’. ಉತ್ತರ ಪ್ರದೇಶದ ಒಂದು ಹಳ್ಳಿಯನ್ನು ನೋಡಿ ವಿಲಿಯಂ ವೈಸರ್ 1936ರಲ್ಲಿ ಬರೆದ ಪುಸ್ತಕದಿಂದ ಬಳಕೆಗೆ ಬಂದ ಹೆಸರಿದು. ಬಳ್ಳಾರಿ ಸೀಮೆಯ ಹಚ್ಚೊಳ್ಳಿಯಿಂದ ಸಿರುಗುಪ್ಪಕ್ಕೋ ಬಳ್ಳಾರಿಗೋ ಕಾಲೇಜಿಗೆ ಹೋಗುವ ಹುಡುಗಿ ಅದನ್ನು ಬಾಯಿಪಾಠ ಮಾಡುತ್ತಾಳೆ. ಅವಳ ಸೀಮೆಯಲ್ಲಿ ಅದಕ್ಕೆ ಎರಡೇ ಅಕ್ಷರದ ಮಾತಿದೆ: ಆಯ.

ಜೋಳದ ರಾಶಿಯಾದ ಮೇಲೆ ಬಡಿಗ, ಕಮ್ಮಾರ, ಕುಂಬಾರ, ಅಗಸ, ತಳವಾರರಿಗೆ ಕಣದಲ್ಲೇ ಅಳೆದು ಕೊಡುತ್ತಿದ್ದ ಪಾಲು ಆಯ, ಪಡೆಯುವವರು ಆಯಗಾರರು. ವರ್ಷವಿಡೀ ಕುಂಟೆ, ಕೂರಿಗೆ ಸರಿಮಾಡಿಕೊಟ್ಟ ಬಡಿಗ ಸುಗ್ಗಿಗೆ ಚೀಲ ಹಿಡಿದು ಬರುತ್ತಿದ್ದ. ಅದು ಕೂಲಿಯಲ್ಲ, ಭಿಕ್ಷೆಯಂತೂ ಅಲ್ಲ, ಹಕ್ಕು.

ಈ ಮಾತು ದೂರ ಹೋಗಿದೆ. 1800ರಲ್ಲಿ ನಿಜಾಮನಿಂದ ಬಳ್ಳಾರಿ ಸೀಮೆ ಈಸ್ಟ್ ಇಂಡಿಯಾ ಕಂಪನಿಯ ಕೈಸೇರಿತು. ಇಲ್ಲಿ ಕಲೆಕ್ಟರನಾಗಿದ್ದ ಥಾಮಸ್ ಮನ್ರೋ, ಹನ್ನೆರಡು ಆಯಗಾರರಿರುವ ಪ್ರತಿ ಹಳ್ಳಿಯೂ ಒಂದು ಪುಟ್ಟ ಗಣರಾಜ್ಯ ಎಂಬರ್ಥದಲ್ಲಿ 1806ರಲ್ಲಿ ವರದಿ ಬರೆದ. ಅಂಥದೇ ಚಿತ್ರ 1812ರ ಬ್ರಿಟಿಷ್ ಸಂಸತ್ತಿನ ಐದನೇ ವರದಿಯಲ್ಲಿ ಬಂತು. 1853ರಲ್ಲಿ ಮಾರ್ಕ್ಸ್ ಭಾರತದ ಬಗ್ಗೆ ಬರೆದಾಗ ಅದನ್ನೇ ಎತ್ತಿಕೊಂಡ. ಜಗತ್ತು ಓದಿದ ‘ಭಾರತದ ಹಳ್ಳಿ’ಯ ಮೇಲೆ ನಮ್ಮ ಕಣದ ಧೂಳೂ ಇದೆ.

ಆದರೆ ಅಳೆಯುವ ಸೇರು ಯಾರ ಕೈಯಲ್ಲಿತ್ತು? ಒಕ್ಕಲಿಗನ ಕೈಯಲ್ಲಿ. ಬಡಿಗನ ಮಗ ಬಡಿಗನೇ ಆಗಬೇಕಿತ್ತು. ಚರ್ಮದ ಮಿಣಿ, ಬಾರುಕೋಲು ಮಾಡಿಕೊಟ್ಟವರು ದೂರ ನಿಂತೇ ತಮ್ಮ ಪಾಲು ಪಡೆಯಬೇಕಿತ್ತು. ಹಳ್ಳಿಯ ಗಣರಾಜ್ಯವೆಂಬ ಹೊಗಳಿಕೆಯನ್ನು ಅಂಬೇಡ್ಕರ್ 1948ರ ನವೆಂಬರ್ 4ರಂದು ಸಂವಿಧಾನ ಸಭೆಯಲ್ಲಿ ಖಡಾಖಂಡಿತವಾಗಿ ತಳ್ಳಿಹಾಕಿದ್ದು ಸುಮ್ಮನೆ ಅಲ್ಲ. ಮನ್ರೋ ಕಂಡ ಹಳ್ಳಿ ಮತ್ತು ಅಂಬೇಡ್ಕರ್ ಕಂಡ ಹಳ್ಳಿ ಬೇರೆಬೇರೆಯಲ್ಲ. ನನ್ನ ಮಟ್ಟಿಗೆ ಅಂಬೇಡ್ಕರ್ ನೋಟವೇ ಆಳದ್ದು, ಏಕೆಂದರೆ ಅವರು ಕಣದ ಹೊರಗೆ ನಿಂತವರ ಕಡೆಯಿಂದ ನೋಡಿದರು.

ತುಂಗಭದ್ರಾ ಕಾಲುವೆ ಬಂದು ಸಿರುಗುಪ್ಪ ಭತ್ತದ ನಾಡಾಯಿತು. ಈಗ ಇಲ್ಲಿ ಹೆಚ್ಚು ಕೇಳುವುದು ‘ಆಯಕಟ್ಟು’, ಅಂದರೆ ಕಾಲುವೆ ನೀರು ತಲುಪುವ ನೆಲ. ಕೊಯ್ಲಿನ ಮಷೀನಿನಿಂದ ಭತ್ತ ನೇರ ಟ್ರ್ಯಾಕ್ಟರಿಗೆ ಸುರಿಯುತ್ತದೆ. ಕಣವೇ ಇಲ್ಲದ ಮೇಲೆ ಆಯ ಎಲ್ಲಿಯದು?

ಸಮಾಜಶಾಸ್ತ್ರ ಓದುವ ಮಕ್ಕಳೇ, ವೈಸರನ ಪುಸ್ತಕಕ್ಕೂ ಮೊದಲು ನಿಮ್ಮೂರ ಹಿರಿಯರ ಹತ್ತಿರ ಕೂತು ಕೇಳಿ: ಯಾರಿಗೆ ಎಷ್ಟು ಆಯ, ಯಾರು ಎಲ್ಲಿ ನಿಂತು ತಗೋತಿದ್ದರು, ಬರಗಾಲದಲ್ಲಿ ಏನು ಮಾಡುತ್ತಿದ್ದರು? ಕೇಳಿದ್ದನ್ನು ಬರೆದಿಡಿ. ಕಣ ಕಂಡವರು ಕಡಿಮೆಯಾಗುತ್ತಿದ್ದಾರೆ.