ಗಾಣದ ಕಥೆ, ಕಲ್ಲಿನ ಸಾಕ್ಷಿ

ನಂಜನಗೂಡಿನ ಶ್ರೀಕಂಠೇಶ್ವರ ದೇವಾಲಯದ ಕೈಸಾಲೆಯಲ್ಲಿ ಅರವತ್ತುಮೂವರು ಪುರಾತನರ ಶಿಲಾಮೂರ್ತಿಗಳು ಸಾಲಾಗಿ ನಿಂತಿವೆ. ಪ್ರದಕ್ಷಿಣೆ ಬರುವ ಭಕ್ತರು ಅವರಿಗೆಲ್ಲ ಕೈಮುಗಿದು ಮುಂದೆ ಸಾಗುತ್ತಾರೆ. ಶಿವನಿಗೆ ಕಣ್ಣು ಕಿತ್ತುಕೊಟ್ಟ ಬೇಡರ ಕಣ್ಣಪ್ಪನ ಕಥೆ ಬಹುಮಂದಿಗೆ ಗೊತ್ತು. ಅದೇ ಸಾಲಿಗೆ ಸೇರಿದ ಜ್ಞಾನಸಂಬಂಧರ ಕಥೆ ಅಷ್ಟಾಗಿ ಗೊತ್ತಿಲ್ಲ. ಏಳನೆಯ ಶತಮಾನದ ಈ ತಮಿಳು ಬಾಲಸಂತರು ಮದುರೆಯಲ್ಲಿ ಜೈನರನ್ನು ವಾದದಲ್ಲೂ ಪವಾಡದಲ್ಲೂ ಸೋಲಿಸಿದರು. ಪಂದ್ಯದ ಕರಾರಿನಂತೆ ಪಾಂಡ್ಯರಾಜ 8,000 ಜೈನರನ್ನು ಶೂಲಕ್ಕೇರಿಸಿದ ಎಂದು ಶೇಕ್ಕಿಳಾರ್ ಕವಿಯ ‘ಪೆರಿಯಪುರಾಣ’ ಹೇಳುತ್ತದೆ. ಕವಿ ಈ ಪ್ರಸಂಗವನ್ನು ಮರೆಮಾಚುವುದಿಲ್ಲ. ಧರ್ಮದ ಗೆಲುವೆಂದೇ ಬಣ್ಣಿಸುತ್ತಾನೆ.

ಇದು ನಡೆದದ್ದು ನಿಜವೇ? ‘ಪೆರಿಯಪುರಾಣ’ ರಚನೆಯಾದದ್ದು ಹನ್ನೆರಡನೆಯ ಶತಮಾನದಲ್ಲಿ, ಅಂದರೆ ಸಂತರ ಕಾಲಕ್ಕೆ ಸುಮಾರು 500 ವರ್ಷ ತರುವಾಯ. ನಡುವಣ ಕಾಲದಲ್ಲಿ, ಒಂಬತ್ತು ಮತ್ತು ಹತ್ತನೆಯ ಶತಮಾನಗಳಲ್ಲಿ, ಮದುರೆಯ ಸುತ್ತಲ ಬೆಟ್ಟಗಳಲ್ಲಿ ಜೈನ ಮುನಿಗಳು ನೆಲೆಸಿದ್ದರು. ತೀರ್ಥಂಕರರ ಉಬ್ಬುಶಿಲ್ಪಗಳನ್ನು ಕೆತ್ತಿಸಿ ಬರೆಸಿದ ಶಾಸನಗಳು ಇಂದಿಗೂ ಅಲ್ಲಿವೆ. ಆದ್ದರಿಂದಲೇ ಅನೇಕ ಇತಿಹಾಸಕಾರರು ಈ ಸಾಮೂಹಿಕ ಹತ್ಯೆಯನ್ನು ನಂಬುವುದಿಲ್ಲ. ಆದರೆ ಪ್ರಶ್ನೆ ಅಲ್ಲಿಗೇ ಮುಗಿಯುವುದಿಲ್ಲ. ನಡೆಯದ ಕೊಲೆಯೊಂದನ್ನು ಭಕ್ತಕವಿಯೊಬ್ಬ ಹೆಮ್ಮೆಯಿಂದ ಏಕೆ ಹೇಳಬೇಕು?

ಈ ಪ್ರಶ್ನೆಗೆ ಹತ್ತಿರದಲ್ಲೇ ಇನ್ನೊಂದು ಉದಾಹರಣೆಯಿದೆ. ನಂಜನಗೂಡಿನಿಂದ ಕಪಿಲೆಯ ಜಾಡು ಹಿಡಿದು ಹೊರಟರೆ ಅವಳು ಕಾವೇರಿಯನ್ನು ಕೂಡುವ ತಿರುಮಕೂಡಲು ನರಸೀಪುರ ಸಿಗುತ್ತದೆ. ಅದೇ ತಾಲ್ಲೂಕಿನಲ್ಲಿ, ಮರಳಿನ ನಡುವೆ, ತಲಕಾಡು ಇದೆ. ಜೈನಧರ್ಮಕ್ಕೆ ಆಶ್ರಯವಿತ್ತ ಗಂಗರ ರಾಜಧಾನಿ ಅದು. ಹನ್ನೊಂದನೆಯ ಶತಮಾನದ ಆರಂಭದಲ್ಲಿ ಚೋಳರ ವಶವಾಗಿದ್ದ ಈ ಊರನ್ನು 1116ರಲ್ಲಿ ಹೊಯ್ಸಳ ವಿಷ್ಣುವರ್ಧನ ಗೆದ್ದುಕೊಂಡ. ‘ತಲಕಾಡುಗೊಂಡ’ ಎಂಬ ಬಿರುದು ಪಡೆದ. ವಿಜಯದ ನೆನಪಿಗೆ ಕಟ್ಟಿಸಿದ ಕೀರ್ತಿನಾರಾಯಣ ದೇವಾಲಯ ಈಗಲೂ ಅಲ್ಲಿದೆ.

ಈ ವಿಷ್ಣುವರ್ಧನನ ಬಗ್ಗೆ ಬಹುಕಾಲದಿಂದ ಒಂದು ಕಥೆ ಪ್ರಚಾರದಲ್ಲಿದೆ. ಬಿಟ್ಟಿದೇವನೆಂಬ ಹೆಸರಿನ ಜೈನ ದೊರೆ ರಾಮಾನುಜಾಚಾರ್ಯರ ಶಿಷ್ಯನಾಗಿ ವೈಷ್ಣವನಾದ, ಬಸದಿಗಳನ್ನು ಕೆಡವಿಸಿದ, ಮಣಿಯದ ಜೈನರನ್ನು ಗಾಣಕ್ಕೆ ಹಾಕಿ ಅರೆಸಿದ ಎಂಬುದೇ ಆ ಕಥೆ. ಎಣ್ಣೆಯ ಗಾಣ ಹಳ್ಳಿಹಳ್ಳಿಯಲ್ಲೂ ಇದ್ದ ಕಾಲದಲ್ಲಿ ಈ ಚಿತ್ರ ಕೇಳುಗರ ಮನಸ್ಸಿನಲ್ಲಿ ಎಷ್ಟು ಆಳವಾಗಿ ಇಳಿದಿರಬೇಕೆಂದು ಊಹಿಸಬಹುದು.

ಆದರೆ ಶಾಸನಗಳು ಹೇಳುವುದೇ ಬೇರೆ. ತಲಕಾಡನ್ನು ರಾಜನಿಗೆ ಗೆದ್ದುಕೊಟ್ಟ ದಂಡನಾಯಕ ಗಂಗರಾಜ ಸ್ವತಃ ಜೈನ. ಮೆಚ್ಚಿದ ರಾಜ ಬೇಕಾದ್ದನ್ನು ಕೇಳೆಂದಾಗ ಅವನು ಒಂದು ಊರನ್ನು ಪಡೆದು, ತನ್ನ ತಾಯಿ ಮತ್ತು ಹೆಂಡತಿ ಕಟ್ಟಿಸಿದ್ದ ಬಸದಿಗಳಿಗೆ ದತ್ತಿ ಬಿಟ್ಟ. ಗಂಗವಾಡಿಯ ಬಸದಿಗಳನ್ನು ಜೀರ್ಣೋದ್ಧಾರ ಮಾಡಿಸಿದ. ಪಟ್ಟದರಸಿ ಶಾಂತಲೆ ಕೊನೆಯವರೆಗೂ ಜೈನಳಾಗಿಯೇ ಉಳಿದು 1123ರಲ್ಲಿ ಶ್ರವಣಬೆಳಗೊಳದಲ್ಲಿ ಸವತಿಗಂಧವಾರಣ ಬಸದಿಯನ್ನು ಕಟ್ಟಿಸಿದಳು. 1133ರಲ್ಲಿ ಗಂಗರಾಜನ ಮಗ ಬೊಪ್ಪ ಹಳೇಬೀಡಿನಲ್ಲಿ ಪಾರ್ಶ್ವನಾಥ ಬಸದಿ ಕಟ್ಟಿಸಿದಾಗ ಪ್ರತಿಷ್ಠೆಯ ಪ್ರಸಾದವನ್ನು ವಿಷ್ಣುವರ್ಧನ ಸಂತೋಷದಿಂದ ಸ್ವೀಕರಿಸಿದ. ದೇವರಿಗೆ ವಿಜಯಪಾರ್ಶ್ವನೆಂದೂ ಆಗತಾನೆ ಹುಟ್ಟಿದ್ದ ತನ್ನ ಮಗನಿಗೆ ವಿಜಯನರಸಿಂಹನೆಂದೂ ಹೆಸರಿಟ್ಟ. ಗಾಣ ಆಡಿಸಿದ ರಾಜ ಹೀಗೆ ನಡೆದುಕೊಳ್ಳುವುದು ಸಾಧ್ಯವಿಲ್ಲ.

ಹಾಗಿದ್ದೂ ಕಥೆ ಉಳಿಯಿತು. ಏಕೆಂದರೆ ಅದು ಎರಡು ಕಡೆಯವರಿಗೂ ಬೇಕಾಗಿತ್ತು. ಒಂದು ಕಡೆಯವರಿಗೆ ಅದು ಗುರುವಿನ ಮಹಿಮೆ. ಜೈನರ ಕಡೆಯ ಐತಿಹ್ಯದಲ್ಲಿ ಅದೇ ಪಾಪಕ್ಕೆ ಭೂಮಿ ಬಿರಿದು ಊರುಗಳನ್ನು ನುಂಗಿತು. ಕೊನೆಗೆ ರಾಜ ಜೈನಗುರುವಿನ ಮೊರೆಹೊಕ್ಕ. ಗೆದ್ದವರು ಕೀರ್ತಿಗಾಗಿಯೂ ಸೋತವರು ತಮ್ಮ ಇಳಿಗಾಲಕ್ಕೆ ಕಾರಣವಾಗಿಯೂ ಒಂದೇ ಗಾಣವನ್ನು ಬಳಸಿಕೊಂಡರು.

ಧರ್ಮದ್ವೇಷದ ಕಥೆಗಳು ಹೀಗೆ ಸಾಹಿತ್ಯಕ್ಕೆ ಸೇರುವುದು ಇಲ್ಲಿನ ವಿಶೇಷವೇನಲ್ಲ. ಹಳೇಬೀಡಿನ ಬಸದಿ ಮೇಲೆದ್ದ ಹನ್ನೊಂದೇ ವರ್ಷಗಳ ತರುವಾಯ, 1144ರಲ್ಲಿ, ಇಂಗ್ಲೆಂಡಿನ ನಾರ್ವಿಚ್ ಎಂಬಲ್ಲಿ ವಿಲಿಯಂ ಎಂಬ ಬಾಲಕನ ಶವ ಸಿಕ್ಕಿತು. ಯೆಹೂದ್ಯರೇ ಅವನನ್ನು ಬಲಿಕೊಟ್ಟರೆಂದು ಸಾಧಿಸಲು ಥಾಮಸ್ ಎಂಬ ಸನ್ಯಾಸಿ ಒಂದು ಗ್ರಂಥವನ್ನೇ ಬರೆದ. ಕಥೆ ಊರಿಂದೂರಿಗೆ ಹಬ್ಬಿತು. 1255ರಲ್ಲಿ ಲಿಂಕನ್ ನಗರದಲ್ಲಿ ಹ್ಯೂ ಎಂಬ ಮಗು ಸತ್ತಾಗ ಅದೇ ಆಪಾದನೆ ಮರುಕಳಿಸಿ 19 ಮಂದಿ ಯೆಹೂದ್ಯರು ಗಲ್ಲಿಗೇರಿದರು. 1290ರಲ್ಲಿ ಇಡೀ ಸಮುದಾಯವನ್ನೇ ದೇಶದಿಂದ ಹೊರಗಟ್ಟಲಾಯಿತು. ಅದಾಗಿ ಸುಮಾರು ನೂರು ವರ್ಷಗಳ ಬಳಿಕ ಚಾಸರ್ ಕವಿ ತನ್ನ ‘ಕ್ಯಾಂಟರ್‌ಬರಿ ಕಥೆಗಳ’ಲ್ಲಿ ಸನ್ಯಾಸಿನಿಯೊಬ್ಬಳ ಬಾಯಲ್ಲಿ ಇಂಥದೇ ಕಥೆ ಹೇಳಿಸಿದ. ಇನ್ನೂ 200 ವರ್ಷಗಳ ತರುವಾಯ ಷೇಕ್ಸ್‌ಪಿಯರ್ ಶೈಲಾಕನನ್ನು ಸೃಷ್ಟಿಸಿದ. ಆ ಹೊತ್ತಿಗೂ ಇಂಗ್ಲೆಂಡಿನಲ್ಲಿ ಬಹಿರಂಗವಾಗಿ ಬಾಳುವ ಯೆಹೂದ್ಯರು ಇರಲಿಲ್ಲ. ಮನುಷ್ಯ ಊರು ಬಿಟ್ಟು ಹೋಗಿದ್ದ. ಅವನ ಬೊಂಬೆ ಮಾತ್ರ ರಂಗದ ಮೇಲಿತ್ತು.

ಷೇಕ್ಸ್‌ಪಿಯರ್ ಆ ಬೊಂಬೆಗೆ ಜೀವ ಕೊಟ್ಟ ಎಂಬುದೂ ನಿಜ. ತನಗೂ ಎಲ್ಲರಂತೆ ನೋವಾಗುತ್ತದೆ ಎಂದು ಶೈಲಾಕ ಕೇಳುವ ಮಾತು ಅವನನ್ನು ಬರೀ ಖಳನಾಗಿ ಉಳಿಯಗೊಡುವುದಿಲ್ಲ. ಆದರೆ ನೋಡುವವರ ಮನಸ್ಸು ಕೆಟ್ಟಿದ್ದರೆ ಕವಿಯ ಕರುಣೆ ಸಾಲದು. 1943ರಲ್ಲಿ ನಾಜಿಗಳ ಆಡಳಿತದಲ್ಲಿದ್ದ ವಿಯೆನ್ನಾದಲ್ಲಿ ಇದೇ ನಾಟಕವನ್ನು ದ್ವೇಷದ ಅಸ್ತ್ರವಾಗಿ ಆಡಿಸಿದರು. ಅಷ್ಟರಲ್ಲಿ ಆ ನಗರದಲ್ಲಿ ಉಳಿದಿದ್ದ ಯೆಹೂದ್ಯರನ್ನು ಬಹುಪಾಲು ಗಡೀಪಾರು ಮಾಡಿ ಆಗಿತ್ತು.

ನಾರ್ವಿಚ್‌ನಲ್ಲಿ ಸುಳ್ಳು ಹುಟ್ಟಿದ ದಿನಗಳಲ್ಲೇ ಕರ್ನಾಟಕದ ಕರಾವಳಿಯಲ್ಲಿ ಒಬ್ಬ ಯೆಹೂದ್ಯ ನೆಮ್ಮದಿಯಿಂದ ವ್ಯಾಪಾರ ನಡೆಸುತ್ತಿದ್ದ ಎಂಬುದು ಗಮನಾರ್ಹ. ಟ್ಯುನೀಷಿಯಾ ಮೂಲದ ಅಬ್ರಹಾಂ ಬೆನ್ ಯಿಜು 1130ರ ದಶಕದಿಂದ ಸುಮಾರು 17 ವರ್ಷ ಮಂಗಳೂರಿನಲ್ಲಿದ್ದ. ಅವನ ಪತ್ರಗಳು ಈಜಿಪ್ಟಿನ ಕೈರೋದ ಯೆಹೂದ್ಯ ಮಂದಿರದಲ್ಲಿ ಸಿಕ್ಕಿವೆ. ಅಮಿತಾವ್ ಘೋಷ್ ಅವರ 1992ರ ಕೃತಿಯಿಂದ ಅವನೂ ಅವನ ಸೇವಕ ಬೊಮ್ಮನೂ ಲೋಕಕ್ಕೆ ಪರಿಚಿತರಾದರು.

ಇಷ್ಟರಿಂದ ಇಲ್ಲಿ ಎಲ್ಲವೂ ಸೌಹಾರ್ದವೇ ಆಗಿತ್ತೆಂದು ಬೀಗುವಂತಿಲ್ಲ. ಗದಗ ಜಿಲ್ಲೆಯ ಗಾವರವಾಡದ 1071ರ ಶಾಸನ, ಗಂಗ ಪೆರ್ಮಾಡಿ ಕಟ್ಟಿಸಿದ ಬಸದಿಗಳನ್ನು ಚೋಳ ದೊರೆ ಸುಟ್ಟನೆಂದು ಸ್ಪಷ್ಟವಾಗಿ ಹೇಳುತ್ತದೆ. ಪುಲಿಗೆರೆಯ ಬಸದಿಯಲ್ಲಿ ಆದಯ್ಯ ಸೋಮನಾಥನನ್ನು ನೆಲೆಗೊಳಿಸಿದ್ದನ್ನು ರಾಘವಾಂಕ ‘ಸೋಮನಾಥ ಚಾರಿತ್ರ’ದಲ್ಲಿ ವಿಜೃಂಭಣೆಯಿಂದ ಹಾಡುತ್ತಾನೆ. ಜೈನರೂ ಸುಮ್ಮನಿರಲಿಲ್ಲ, ಬ್ರಹ್ಮಶಿವನ ‘ಸಮಯಪರೀಕ್ಷೆ’ ಅನ್ಯಮತಗಳನ್ನು ನಿರ್ದಾಕ್ಷಿಣ್ಯವಾಗಿ ಗೇಲಿ ಮಾಡುತ್ತದೆ. ಬೈಗುಳ ಎರಡು ಕಡೆಗೂ ಇತ್ತು. ಆದರೆ ರಾಜಾಶ್ರಯ ಕೈಬಿಟ್ಟ ಮೇಲೆ ಬೈಗುಳದ ಪೆಟ್ಟು ಹೆಚ್ಚಾಗಿ ಜೈನರಿಗೇ ತಗಲಿತು.

ಬೇರೆಯಾಗಿ ಕಾಣುವುದು ಜಗಳ ಬಗೆಹರಿದ ರೀತಿ. 1368ರಲ್ಲಿ ಜೈನರು ವೈಷ್ಣವರ ಮೇಲೆ ದೂರು ತಂದಾಗ ವಿಜಯನಗರದ ಬುಕ್ಕರಾಯ ಜೈನರ ಕೈಯನ್ನು ವೈಷ್ಣವರ ಕೈಯಲ್ಲಿರಿಸಿ, ಎರಡು ದರ್ಶನಗಳಿಗೂ ಭೇದವಿಲ್ಲವೆಂದು ಸಾರಿದ. ಶ್ರವಣಬೆಳಗೊಳದ ದೇವರಿಗೆ 20 ಮಂದಿ ಕಾವಲಿನವರನ್ನು ನೇಮಿಸುವ ಹೊಣೆಯನ್ನು ತಿರುಮಲೆಯ ತಾತಯ್ಯನಿಗೇ ವಹಿಸಿದ. 1638ರಲ್ಲಿ ಹಳೇಬೀಡಿನ ಅದೇ ಬಸದಿಯ ಕಂಬಗಳ ಮೇಲೆ ಲಿಂಗಮುದ್ರೆ ಒತ್ತಿದ್ದರಿಂದ ವಿವಾದವೆದ್ದಾಗ ವೀರಶೈವ ಪ್ರಮುಖರೇ ಕೂತು ಜೈನರೊಡನೆ ರಾಜಿ ಮಾಡಿಕೊಂಡರು. ಈ ಎರಡೂ ಕಲ್ಲಿನಲ್ಲಿ ದಾಖಲಾಗಿವೆ.

ಲಿಂಕನ್ನಿನ ಪ್ರಧಾನ ಚರ್ಚಿನಲ್ಲಿ, ಹ್ಯೂನ ಸಮಾಧಿಯ ಬಳಿ, 1955ರಲ್ಲಿ ಒಂದು ಫಲಕ ಹಾಕಲಾಯಿತು. ಮಕ್ಕಳ ಬಲಿಯ ಕಥೆಗಳು ಕಟ್ಟುಕತೆಗಳೆಂದೂ ಅವುಗಳಿಂದ ನಿರಪರಾಧಿಗಳು ಪ್ರಾಣ ಕಳೆದುಕೊಂಡರೆಂದೂ ಚರ್ಚೇ ಅಲ್ಲಿ ಒಪ್ಪಿಕೊಂಡಿದೆ. ಸಮಾಧಿಯನ್ನು ಕೀಳಲಿಲ್ಲ, ಚಾಸರನನ್ನು ಸುಡಲಿಲ್ಲ. ಕಥೆಯ ಪಕ್ಕದಲ್ಲಿ ನಿಜವನ್ನು ಇಟ್ಟರು. ಹಳೆಯ ಕಾವ್ಯಗಳ ವಿಷಯದಲ್ಲೂ ಮಾಡಬೇಕಾದ್ದು ಇಷ್ಟೇ. ಶೂಲದ ಕಥೆ, ಗಾಣದ ಕಥೆ ಜೈನರ ಚರಿತ್ರೆಯಲ್ಲ. ಅವನ್ನು ಹೇಳಿದವರ ಮನಸ್ಸಿನ ಚರಿತ್ರೆ. ಚರಿತ್ರೆಯೆಂದೇ ನಂಬಿದರೆ ಹಳೆಯ ಸೇಡಿಗೆ ಹೊಸ ನೆಪವಾಗುತ್ತದೆ. ಕಟ್ಟುಕತೆಯೆಂದು ತಳ್ಳಿಹಾಕಿದರೆ, ಕಟ್ಟುಕತೆಯೇ ಲಿಂಕನ್ನಿನಲ್ಲಿ 19 ಜನರನ್ನು ಕೊಂದದ್ದು ಮರೆತುಹೋಗುತ್ತದೆ.

ನಂಜನಗೂಡಿನ ಕೈಸಾಲೆಯಲ್ಲಿ ಜ್ಞಾನಸಂಬಂಧರು ಅರವತ್ತುಮೂವರೊಡನೆ ಎಂದಿನಂತೆ ನಿಂತಿರುತ್ತಾರೆ, ಭಕ್ತರು ಎಂದಿನಂತೆ ಕೈಮುಗಿಯುತ್ತಾರೆ. ಆ ಬಾಲಸಂತರು ಯಾರೆಂದು ಮಗುವೊಂದು ಕೇಳಿದರೆ ಅವರ ಶಿವಭಕ್ತಿಯನ್ನು ಹೇಳಬಹುದು. ಮದುರೆಯ ಕಥೆಯನ್ನೂ ಹೇಳುವುದಾದರೆ, ಆ ಊರಿನ ಬೆಟ್ಟಗಳ ಮೇಲಿನ ಜೈನ ಶಾಸನಗಳನ್ನೂ ಜೊತೆಗೇ ಹೇಳುವುದು ಒಳ್ಳೆಯದು.